ಬೆಳ್ಳಗಿರುವುದೆಲ್ಲ ಸುಣ್ಣವಲ್ಲ

ಬಿಳಿ ಕಲ್ಲು ಕಂಡರೆ ನಮ್ಮ ಕಡೆ ಸುಣ್ಣಕಲ್ಲು ಅಂತಾರೆ. ಬಿಳಿ ಪುಡಿ ಚೀಲದಲ್ಲಿ ಬಂದರೆ ಜಿಪ್ಸಂ ಅಂತಾರೆ. ಎರಡೂ ಮಾತು ಅರ್ಧ ಸಲ ತಪ್ಪು. ಕಲ್ಲು ತಪ್ಪಾದರೆ ನಷ್ಟವೇನಿಲ್ಲ, ಬದುವಿನ ಮೇಲೆ ಬಿದ್ದಿರುತ್ತದೆ. ಪುಡಿ ತಪ್ಪಾದರೆ ಮಾತ್ರ ಸಾವಿರಗಟ್ಟಲೆ ದುಡ್ಡು ಮಣ್ಣುಪಾಲು.

ನಮ್ಮದು ಹಿರಿಯೂರು ತಾಲ್ಲೂಕಿನ ಮಳೆಯಾಶ್ರಿತ ಜಮೀನು. ಮೇಲಿನ ಭಾಗ ಕೆಂಪು ಮಸಾರಿ, ಇಳಿಜಾರಿಗೆ ಎರೆ. ಬೇಸಿಗೆಯಲ್ಲಿ ಕಲ್ಲು ಆರಿಸಿ ಬದುವಿಗೆ ಹಾಕುವುದು ಅಪ್ಪನ ಕಾಲದಿಂದ ನಡೆದ ಕೆಲಸ. ಆ ಗುಡ್ಡೆಯಲ್ಲಿ ಬಿಳಿ ಕಲ್ಲುಗಳನ್ನಷ್ಟೇ ಬೇರೆ ಮಾಡಿದರೂ ಮೂರು ನಾಲ್ಕು ಜಾತಿ ಸಿಗುತ್ತವೆ. ನಾನು ಓದಿದ್ದು ಏಳನೇ ತರಗತಿ. ಕಲ್ಲಿನ ವಿಚಾರ ತಿಳಿದದ್ದು ಮಗಳ ಬಿ.ಎಸ್ಸಿ. ಪುಸ್ತಕದಿಂದ. ಸಂಜೆ ಅವಳು ಓದಿ ಹೇಳೋಳು, ಬೆಳಿಗ್ಗೆ ನಾನು ಹೊಲದಲ್ಲಿ ಕಲ್ಲು ಗೀಚಿ ನೋಡುತ್ತಿದ್ದೆ. ಇದಕ್ಕೆ ದೊಡ್ಡ ಉಪಕರಣ ಏನೂ ಬೇಡ.

ಬೇಕಾದ ಸಾಮಾನು

ಕೈಬೆರಳ ಉಗುರು, ಒಂದು ಕಬ್ಬಿಣದ ಚಾಕು, ಒಡೆದ ಗಾಜಿನ ತುಂಡು, ಒಂದು ನಿಂಬೆಹಣ್ಣು, ಊಟಕ್ಕೆ ಬಳಸದ ಹಳೇ ತವಾ. ಇಷ್ಟೇ.

ಗೀಚುವ ಪರೀಕ್ಷೆಗೆ ಒಂದು ಲೆಕ್ಕ ಇದೆ. ಜರ್ಮನಿಯ ಫ್ರೆಡ್ರಿಕ್ ಮೋಸ್ ಎಂಬಾತ 1812ರಲ್ಲಿ ಹತ್ತು ಖನಿಜಗಳನ್ನು ಮೆತ್ತಗಿನದರಿಂದ ಗಟ್ಟಿಯಾದದ್ದಕ್ಕೆ ಸಾಲಾಗಿ ಜೋಡಿಸಿದ. ಒಂದನೆಯದು ಬಳಪ, ಅಂದರೆ ಟಾಲ್ಕ್. ಎರಡನೆಯದು ಜಿಪ್ಸಂ. ಮೂರನೆಯದು ಸುಣ್ಣಕಲ್ಲಿನ ಖನಿಜ ಕ್ಯಾಲ್ಸೈಟ್. ಆರನೆಯದು ಫೆಲ್ಡ್‌ಸ್ಪಾರ್, ಏಳನೆಯದು ಬೆಣಚು. ಹತ್ತನೆಯದು ವಜ್ರ, ಅದು ನಮ್ಮ ಬದುವಿನಲ್ಲಿ ಇನ್ನೂ ಸಿಕ್ಕಿಲ್ಲ. ಮೇಲಿನದು ಕೆಳಗಿನದನ್ನು ಗೀಚುತ್ತದೆ. ನಮ್ಮ ಉಗುರು ಎರಡೂವರೆ, ಚಾಕು ಮತ್ತು ಗಾಜು ಸುಮಾರು ಐದೂವರೆ. ಹಾಗಾಗಿ ಉಗುರು ಎಳೆದರೆ ಗೆರೆ ಬೀಳುವುದು ಬಳಪಕ್ಕೆ ಮತ್ತು ಜಿಪ್ಸಂಗೆ ಮಾತ್ರ. ಸುಣ್ಣಕಲ್ಲಿಗೆ ಉಗುರು ಸಾಲದು, ಚಾಕು ಸಾಕು. ಬೆಣಚಿಗೆ ಚಾಕುವೂ ಸಾಲದು, ಅದೇ ಗಾಜನ್ನು ಗೀಚುತ್ತದೆ.

ಒಂದು ಎಚ್ಚರಿಕೆ. ಬಿಸಿಲು ಮಳೆಗೆ ಕಲ್ಲಿನ ಮೇಲ್ಪದರ ಸವೆದು ಪುಡಿಯಾಗಿರುತ್ತದೆ. ಅದರ ಮೇಲೆ ಗೀಚಿ ತೀರ್ಮಾನ ಮಾಡಬಾರದು. ಕಲ್ಲನ್ನು ಒಡೆದು ಹೊಸ ಮುಖದ ಮೇಲೆ ನೋಡಬೇಕು. ಗೀಚಿದ ಮೇಲೆ ಬೆರಳಿನಿಂದ ಒರೆಸಿ ನೋಡಿ. ಕೆಲವು ಸಲ ಗೆರೆ ಬಿದ್ದದ್ದು ಕಲ್ಲಿನ ಮೇಲಲ್ಲ, ಚಾಕುವೇ ಸವೆದು ಕಲ್ಲಿಗೆ ಮೆತ್ತಿಕೊಂಡಿರುತ್ತದೆ.

ಬೆಣಚು ಮತ್ತು ಅದರ ತಮ್ಮ

ಬೆಣಚುಕಲ್ಲು ಎಲ್ಲರಿಗೂ ಗೊತ್ತು. ನೇಗಿಲ ಕುಳ ತಾಗಿದರೆ ಕಿಡಿ ಹಾರುತ್ತದೆ. ಒಡೆದರೆ ಗಾಜಿನ ಬಾಟಲಿ ಒಡೆದ ಹಾಗೆ ಅಡ್ಡಾದಿಡ್ಡಿ ಮುಖ. ಕತ್ತಲೆ ಕೋಣೆಯಲ್ಲಿ ಎರಡು ಬೆಣಚು ಹಿಡಿದು ಬಿರುಸಾಗಿ ಉಜ್ಜಿದರೆ ಕಲ್ಲಿನೊಳಗೆ ಮಂದ ಬೆಳಕು ಕಾಣುತ್ತದೆ, ಸುಟ್ಟಂಥ ವಾಸನೆಯೂ ಬರುತ್ತದೆ. ಮೊಮ್ಮಕ್ಕಳಿಗೆ ಇದು ದೊಡ್ಡ ಆಟ. ಗಾಜು ಮಾಡುವುದು ಇದೇ ಜಾತಿಯ ಮರಳಿನಿಂದ. ಬೆಳೆಗೆ ಇದರಿಂದ ಆಹಾರ ಏನೂ ಇಲ್ಲ. ನಿಂಬೆರಸಕ್ಕೆ ಜಗ್ಗುವುದಿಲ್ಲ.

ಆದರೆ ಇದರ ದೂಳು ಕೆಟ್ಟದ್ದು. ಕ್ರಷರ್‌ನಲ್ಲಿ, ಕಲ್ಲು ಕುಟ್ಟುವ ಕಡೆ, ಬೋರ್ ಕೊರೆಯುವಾಗ ಏಳುವ ಒಣ ದೂಳಿನಲ್ಲಿ ಬೆಣಚಿನ ಸಣ್ಣ ಕಣ ಇರುತ್ತವೆ. ವರ್ಷಗಟ್ಟಲೆ ಎದೆಗೆ ಹೋದರೆ ಸಿಲಿಕೋಸಿಸ್ ಬರುತ್ತದೆ. ಅದನ್ನು ವಾಸಿ ಮಾಡುವ ಔಷಧಿ ಇಲ್ಲ. ಬೇಸಿಗೆಯಲ್ಲಿ ಕ್ರಷರ್ ಕೂಲಿಗೆ ಹೋಗುವ ಹುಡುಗರಿಗೆ ಹೇಳಿ: ದೂಳಿಗೆ ನೀರು ಹೊಡೆಯಿಸಿ, ಗಾಳಿಗೆ ಎದುರಾಗಿ ದೂಳಿನ ಕೆಳಗೆ ನಿಲ್ಲಬೇಡಿ. ಮುಖಕ್ಕೆ ಕಟ್ಟಿದ ಟವೆಲ್ ಆ ಸಣ್ಣ ಕಣವನ್ನು ತಡೆಯುವುದಿಲ್ಲ.

ಬೆಣಚಿನ ಪಕ್ಕದಲ್ಲೇ ಇನ್ನೊಂದು ಬಿಳಿ ಅಥವಾ ನಸುಗೆಂಪು ಕಲ್ಲು ಇರುತ್ತದೆ. ಒಡೆದರೆ ಚಪ್ಪಟೆ ಮುಖ, ಬಿಸಿಲಿಗೆ ತಿರುಗಿಸಿದರೆ ಆ ಮುಖ ಕನ್ನಡಿಯಂತೆ ಮಿಂಚಿ ಆರುತ್ತದೆ. ಅದು ಫೆಲ್ಡ್‌ಸ್ಪಾರ್. ನಮ್ಮ ಗ್ರಾನೈಟ್ ಬಂಡೆಯ ದೊಡ್ಡ ಪಾಲು ಇದೇ. ಇದು ಕೊಳೆತು ಕೊಳೆತು ಸೇಡಿಯಂಥ ಬಿಳಿ ಜೇಡಿಯಾಗುತ್ತದೆ. ನೆಲದ ಟೈಲ್ಸ್, ಪಿಂಗಾಣಿ ಸಾಮಾನಿಗೆ ಇದು ಬೇಕು. ಇದರ ಒಂದು ಜಾತಿಯಲ್ಲಿ ಪೊಟ್ಯಾಷ್ ಇದೆ ನಿಜ. ಅದನ್ನೇ ಹೇಳಿ ಕಲ್ಲಿನ ಪುಡಿಯನ್ನು ಪೊಟ್ಯಾಷ್ ಗೊಬ್ಬರವೆಂದು ಮಾರಲು ಬಂದರೆ ಒಂದು ಮಾತು ನೆನಪಿಡಿ. ಆ ಪೊಟ್ಯಾಷ್ ಕಲ್ಲಿನಿಂದ ಬಿಟ್ಟುಕೊಳ್ಳುವುದು ಬಹಳ ನಿಧಾನ. ಈ ಮುಂಗಾರಿನ ಶೇಂಗಾ ಅದಕ್ಕೆ ಕಾಯುವುದಿಲ್ಲ.

ಸುಣ್ಣಕಲ್ಲು

ಎರೆ ಹೊಲದಲ್ಲಿ ನೇಗಿಲು ಹೊಡೆದಾಗ ಏಳುವ ಬೂದು ಬಿಳಿಯ ಗಂಟು ಗಂಟು ಹರಳು ಸುಣ್ಣಕಲ್ಲು. ಅದಕ್ಕೆ ನಿಂಬೆರಸ ಹಿಂಡಿದರೆ ಚುಯ್ ಅಂತ ನೊರೆ ಬರುತ್ತದೆ. ಹುಳಿ ತಾಗಿದ ಕೂಡಲೇ ಕಲ್ಲಿನೊಳಗಿನ ಇಂಗಾಲದ ಗಾಳಿ ಗುಳ್ಳೆಯಾಗಿ ಹೊರಬರುವುದೇ ಈ ನೊರೆ. ಇದೇ ಗಾಳಿಯನ್ನು ಬೆಂಕಿಯಿಂದ ಓಡಿಸುವ ಕೆಲಸ ಸುಣ್ಣದ ಭಟ್ಟಿಯದು. ನೂರು ಕೆ.ಜಿ. ಶುದ್ಧ ಕಲ್ಲು ಪೂರ್ತಿ ಸುಟ್ಟರೆ 56 ಕೆ.ಜಿ. ಸುಟ್ಟ ಸುಣ್ಣ ಉಳಿಯುತ್ತದೆ. ಅದಕ್ಕೆ ನೀರು ಹಾಕಿದರೆ ಕುದಿದು ಅರಳುತ್ತದೆ. ಕನ್ನಂಬಾಡಿ ಕಟ್ಟೆ ನಿಂತಿರುವುದು ಸುಣ್ಣ, ಸುಟ್ಟ ಇಟ್ಟಿಗೆ ಪುಡಿಯ ಸುರ್ಕಿ ಗಾರೆಯಲ್ಲಿ.

ಶಹಾಬಾದ್ ಕಲ್ಲು, ಕಡಪ ಕಲ್ಲು ಇವೂ ಸುಣ್ಣಕಲ್ಲಿನ ಬಳಗವೇ. ಅಡುಗೆಮನೆ ಕಟ್ಟೆಯ ಕಡಪ ಕಲ್ಲಿನ ಮೇಲೆ ನಿಂಬೆರಸ, ಹುಣಸೆಹುಳಿ ಬಿದ್ದ ಜಾಗ ಮಂಕಾಗುವುದು ಇದಕ್ಕೇ. ಗ್ರಾನೈಟ್‌ಗೆ ಹಾಗಾಗುವುದಿಲ್ಲ. ರಂಗೋಲಿ ಪುಡಿ ಮಾತ್ರ ಎಲ್ಲ ಕಡೆ ಒಂದೇ ಕಲ್ಲಿನದಲ್ಲ. ನಮ್ಮ ಮನೆಯ ಡಬ್ಬಿಯದು ನೊರೆ ಬಂತು, ಅಕ್ಕನ ಮನೆಯದು ಬರಲಿಲ್ಲ.

ಬೋರ್ಡೋ ದ್ರಾವಣ ಹೊಡೆಯುವ ಅಡಿಕೆ, ದಾಳಿಂಬೆ ಬೆಳೆಗಾರರಿಗೆ ಇದರಲ್ಲಿ ಒಂದು ಉಪಯೋಗದ ವಿಷಯ ಇದೆ. ಹೊಸದಾಗಿ ಸುಟ್ಟ ಸುಣ್ಣಕ್ಕಾಗಲಿ, ಆಗಷ್ಟೇ ಅರಳಿಸಿದ ಸುಣ್ಣಕ್ಕಾಗಲಿ ನಿಂಬೆರಸ ಹಾಕಿದರೆ ನೊರೆ ಬರುವುದಿಲ್ಲ, ಬಂದರೂ ಅಷ್ಟಿಷ್ಟು. ಬಾಯಿ ಬಿಚ್ಚಿಟ್ಟ ಚೀಲದಲ್ಲಿ ತಿಂಗಳುಗಟ್ಟಲೆ ಇದ್ದ ಸುಣ್ಣ ಗಾಳಿಯಿಂದ ಇಂಗಾಲ ಹೀರಿ ಮತ್ತೆ ಕಲ್ಲಾಗಿರುತ್ತದೆ. ಅದು ನೊರೆ ಬರುತ್ತದೆ. ನೋಡಲು ಎರಡೂ ಒಂದೇ ಬಿಳಿ. ಕಲ್ಲಾದ ಸುಣ್ಣ ಮೈಲುತುತ್ತದ ಹುಳಿಯನ್ನು ಸರಿಯಾಗಿ ಮುರಿಯುವುದಿಲ್ಲ, ಎಲೆ ಕಾಯಿ ಸುಡುವ ಅಪಾಯ ಇದೆ. ನೊರೆ ಜೋರಾಗಿ ಬಂದ ಸುಣ್ಣವನ್ನು ದ್ರಾವಣಕ್ಕೆ ಬಳಸಬೇಡಿ. ಚಾಕು ಅದ್ದಿ ನೋಡುವ ಹಳೇ ಪರೀಕ್ಷೆಯನ್ನೂ ಬಿಡಬೇಡಿ. ಚಾಕುವಿನ ಮೇಲೆ ತಾಮ್ರದ ಬಣ್ಣ ಕೂತರೆ ಸುಣ್ಣ ಇನ್ನೂ ಬೇಕು ಅಂತ ಅರ್ಥ.

ಎರೆ ಮಣ್ಣಿಗೇ ನಿಂಬೆರಸ ಹಿಂಡಿ ನೋಡಿ. ನೊರೆ ಬಂದರೆ ಆ ಮಣ್ಣಿನಲ್ಲಿ ಸುಣ್ಣ ಇದೆ. ಅಂಥ ಹೊಲದಲ್ಲಿ ಶೇಂಗಾದ ಎಳೆ ಎಲೆ ಮಳೆ ಹಿಡಿದಾಗ ನರ ಹಸಿರು ಉಳಿದು ಹಳದಿಯಾಗುವುದು ಬಹಳ ಸಲ ಕಬ್ಬಿಣ ಸಿಗದೆ. ಕಬ್ಬಿಣ ಮಣ್ಣಿನಲ್ಲಿ ಇರುತ್ತದೆ, ಸುಣ್ಣದಿಂದಾಗಿ ಬೇರಿಗೆ ದಕ್ಕುವುದಿಲ್ಲ. ಅದಕ್ಕೆ ಯೂರಿಯಾ ಎರಚಿ ಪ್ರಯೋಜನ ಇಲ್ಲ. ಲೀಟರ್ ನೀರಿಗೆ 5 ಗ್ರಾಂ ಅನ್ನಭೇದಿ, ಜೊತೆಗೆ 1 ಗ್ರಾಂ ಸಿಟ್ರಿಕ್ ಆಸಿಡ್ ಹಾಕಿ ಎಲೆಗೆ ಸಿಂಪಡಿಸಬೇಕು.

ಜಿಪ್ಸಂ

ಇದು ನಮ್ಮ ಬದುವಿನ ಕಲ್ಲಲ್ಲ, ಚೀಲದಲ್ಲಿ ಬರುವ ಕಲ್ಲು. ನಮ್ಮ ದೇಶದಲ್ಲಿ ಗಣಿಯಿಂದ ತೆಗೆಯುವ ಜಿಪ್ಸಂ ಹೆಚ್ಚುಕಡಿಮೆ ಎಲ್ಲವೂ ರಾಜಸ್ಥಾನದ್ದು. ರಂಜಕ ಗೊಬ್ಬರದ ಕಾರ್ಖಾನೆಗಳಲ್ಲಿ ಉಪ ಉತ್ಪನ್ನವಾಗಿಯೂ ಬರುತ್ತದೆ. ಸಿಮೆಂಟ್ ಬೇಗ ಗಟ್ಟಿಯಾಗದಿರಲಿ ಅಂತ ಕಾರ್ಖಾನೆಯವರು ಅದಕ್ಕೆ ಸ್ವಲ್ಪ ಜಿಪ್ಸಂ ಸೇರಿಸಿ ಅರೆಯುತ್ತಾರೆ. ಮುರಿದ ಕೈಗೆ ಹಾಕುವ ಪ್ಲಾಸ್ಟರ್, ಪಿ.ಓ.ಪಿ. ಗಣೇಶ ಎರಡೂ ಜಿಪ್ಸಂ ಸುಟ್ಟು ಮಾಡಿದ್ದು. ಶಾಲೆಯ ಸೀಮೆಸುಣ್ಣಕ್ಕೆ ಹೆಸರಲ್ಲೇ ಸುಣ್ಣ ಇದೆ, ಆದರೆ ನಮ್ಮಲ್ಲಿ ಸಿಗುವ ಬಹುತೇಕ ಸೀಮೆಸುಣ್ಣ ಜಿಪ್ಸಂನದ್ದು. ನಿಂಬೆರಸ ಹಿಂಡಿ ನೋಡಿ, ಸುಮ್ಮನೆ ನೆನೆಯುತ್ತದೆ.

ಸುಣ್ಣದಲ್ಲೂ ಜಿಪ್ಸಂನಲ್ಲೂ ಕ್ಯಾಲ್ಸಿಯಂ ಇದೆ. ಲೆಕ್ಕಕ್ಕೆ ಸುಣ್ಣಕಲ್ಲಿನಲ್ಲೇ ಜಾಸ್ತಿ, ನೂರಕ್ಕೆ 40. ಶುದ್ಧ ಜಿಪ್ಸಂನಲ್ಲಿ 23, ಮೇಲೆ ಗಂಧಕ 18. ಹಾಗಾದರೆ ಅಗ್ಗದ ಸುಣ್ಣದ ಪುಡಿಯನ್ನೇ ಹಾಕಿದರೇನು ಅಂತ ಕೇಳುವವರಿದ್ದಾರೆ. ಉತ್ತರ ನೀರಿನಲ್ಲಿದೆ. ಜಿಪ್ಸಂ ಲೀಟರ್ ನೀರಿಗೆ ಎರಡು ಗ್ರಾಂಗಿಂತ ಸ್ವಲ್ಪ ಜಾಸ್ತಿ ಕರಗುತ್ತದೆ. ಸುಣ್ಣಕಲ್ಲಿನ ಪುಡಿ ಹುಳಿ ಮಣ್ಣಿನಲ್ಲಿ ಮಾತ್ರ ಕರಗುತ್ತದೆ. ನಮ್ಮ ಎರೆಯಲ್ಲಿ, ಚೌಳು ನೆಲದಲ್ಲಿ ಅದು ಹಾಗೇ ಕೂತಿರುತ್ತದೆ. ಮಲೆನಾಡು, ಕರಾವಳಿಯ ಹುಳಿ ಮಣ್ಣಿನವರಿಗೆ ಸುಣ್ಣ, ಡೋಲೊಮೈಟ್ ಬೇಕೇ ಬೇಕು. ಅದೇ ಪುಡಿ ನಮ್ಮ ಚೌಳಿಗೆ ದಂಡ.

ಶೇಂಗಾಕ್ಕೆ ಜಿಪ್ಸಂ ಯಾಕೆ ಅಂತಲೂ ಹೇಳಬೇಕು. ಶೇಂಗಾ ಕಾಯಿ ತನಗೆ ಬೇಕಾದ ಕ್ಯಾಲ್ಸಿಯಂ ಅನ್ನು ಬೇರಿನ ಮೂಲಕ ಅಲ್ಲ, ಬಹುಪಾಲು ತನ್ನ ಸಿಪ್ಪೆಯಿಂದಲೇ ಸುತ್ತಲ ಮಣ್ಣಿನಿಂದ ಎಳೆದುಕೊಳ್ಳುತ್ತದೆ. ಸಿಗದಿದ್ದರೆ ಕಾಯಿ ದೊಡ್ಡದು, ಒಳಗೆ ಜೊಳ್ಳು. ಅದಕ್ಕೇ ಹೂ ಬಿಟ್ಟು ಸೂಜಿ ಮಣ್ಣಿಗೆ ಇಳಿಯುವ ಹೊತ್ತಿಗೆ ಎಕರೆಗೆ ಎರಡು ಕ್ವಿಂಟಾಲ್ ಜಿಪ್ಸಂ ಬುಡದ ಹತ್ತಿರ ಹಾಕಿ ಮಣ್ಣು ಏರಿಸುವುದು. ಹಾಕಿದ್ದು ಕರಗಲೇಬೇಕು, ಅದೂ ಮೇಲಿನ ಎರಡು ಮೂರು ಅಂಗುಲದಲ್ಲಿ. ಗಂಧಕ ಎಣ್ಣೆ ಅಂಶಕ್ಕೆ ಒಳ್ಳೆಯದು.

ಈಗ ನಡೆದ ಸಂಗತಿ. 2021ರ ಮುಂಗಾರಿಗೆ ಪಕ್ಕದ ಹೊಲದ ಭಾವ ಮೂರೆಕರೆ ಶೇಂಗಾಕ್ಕೆ ಅಂತ 50 ಕೆ.ಜಿ.ಯ 12 ಚೀಲ ಜಿಪ್ಸಂ ತಂದ. ಅಂಗಡಿ ಯಾವುದು ಅಂತ ಬೇಡ. ಒಂದು ಚೀಲದ ಬಾಯಿ ಬಿಚ್ಚಿದ್ದ. ಬೆರಳಲ್ಲಿ ತಿಕ್ಕಿ ನೋಡಿದೆ, ಮರಳು ಮರಳು. ಮನೆಯಿಂದ ನಿಂಬೆಹಣ್ಣು ತರಿಸಿ ಹಿಂಡಿದೆ. ಸೋಡಾ ಬಾಟಲಿ ಬಿಚ್ಚಿದ ಹಾಗೆ ನೊರೆ.

“ಇದೇನ್ ಭಾವ, ಹಾಲು ಉಕ್ಕಿದಂಗೆ ಉಕ್ತಾ ಐತೆ?” ಅಂದೆ.

“ಒಳ್ಳೇ ಮಾಲು ಇರ್ಬೇಕು ಬಿಡು ಮಾವ, ಪವರ್ ಐತೆ” ಅಂದ.

ನಕ್ಕೆವು. ಆಮೇಲೆ ಬೇರೆ ಬೇರೆ ಮೂರು ಚೀಲದಿಂದ ಒಂದೊಂದು ಬೊಗಸೆ ತೆಗೆದು ಬಿಸಿಲಿಗೆ ಚೆನ್ನಾಗಿ ಒಣಗಿಸಿ ಹಳೇ ತವಾ ಮೇಲೆ ಹಾಕಿದೆವು. ಈ ಪರೀಕ್ಷೆ ಗಮನಿಸಿ. ಶುದ್ಧ ಜಿಪ್ಸಂ ಎಷ್ಟೇ ಒಣಗಿದ ಹಾಗೆ ಕಂಡರೂ ನೂರು ಗ್ರಾಂನಲ್ಲಿ ಸುಮಾರು 21 ಗ್ರಾಂ ನೀರು ಕಲ್ಲಿನೊಳಗೇ ಕಟ್ಟಿಕೊಂಡಿರುತ್ತದೆ. ಹದ ಉರಿಯಲ್ಲಿ ಕಾಯಿಸಿದರೆ ಪುಡಿ ಗಂಜಿಯ ಹಾಗೆ ಪುಟಪುಟ ಕುದಿಯುತ್ತದೆ. ಮೇಲೆ ತಣ್ಣನೆ ಸ್ಟೀಲ್ ತಟ್ಟೆ ಹಿಡಿದರೆ ತಟ್ಟೆಗೆ ನೀರ ಹನಿ ಕೂರುತ್ತವೆ. ಹತ್ತು ಹದಿನೈದು ನಿಮಿಷ ಕೈಯಾಡಿಸಿ, ಆರಿಸಿ, ಸ್ವಲ್ಪ ನೀರು ಹಾಕಿ ಕಲಸಿಟ್ಟರೆ ಗಟ್ಟಿ ಬಿಲ್ಲೆಯಾಗುತ್ತದೆ. ಅದೇ ಪ್ಲಾಸ್ಟರ್. ಉರಿ ವಿಪರೀತ ಆದರೆ ಬಿಲ್ಲೆ ಕಟ್ಟುವುದಿಲ್ಲ, ಹದ ಮುಖ್ಯ. ಸುಣ್ಣಕಲ್ಲಿನ ಪುಡಿ ತವಾ ಮೇಲೆ ಎಷ್ಟು ಹೊತ್ತು ಇಟ್ಟರೂ ಕುದಿಯುವುದಿಲ್ಲ, ಹನಿ ಬರುವುದಿಲ್ಲ, ಬಿಲ್ಲೆಯೂ ಆಗುವುದಿಲ್ಲ.

ಭಾವನ ಪುಡಿ ತವಾ ಮೇಲೆ ಸುಮ್ಮನೆ ಕೂತಿತ್ತು.

ಮಾರನೇ ದಿನ ಊರಿನ ಇನ್ನಿಬ್ಬರನ್ನು ಕರಕೊಂಡು, ಬಿಲ್ಲು ಮತ್ತು ಆರು ನಿಂಬೆಹಣ್ಣು ಹಿಡಿದು ಅಂಗಡಿಗೆ ಹೋದೆವು. ಅಲ್ಲಿದ್ದ ಎರಡು ಅಟ್ಟಿಯ ಮೇಲೂ ಎಲ್ಲರ ಎದುರಿಗೇ ಹಿಂಡಿದೆವು. ಒಂದು ಅಟ್ಟಿ ಉಕ್ಕಿತು, ಇನ್ನೊಂದು ಉಕ್ಕಲಿಲ್ಲ. ಅಂಗಡಿಯವರು “ನಮಗೆ ಮೇಲಿಂದ ಹಂಗೇ ಬಂದಿದ್ದು” ಅಂದರು. ನಿಜವೂ ಇರಬಹುದು. ವಾದಕ್ಕೆ ಇಳಿಯಲಿಲ್ಲ. ಉಕ್ಕದ ಅಟ್ಟಿಯಿಂದ 12 ಚೀಲ ಬದಲಿ ಕೊಟ್ಟರು. ಆಟೋ ಬಾಡಿಗೆ ಮಾತ್ರ ಭಾವನದ್ದೇ. ಬಿಲ್ಲು ಇಲ್ಲದಿದ್ದರೆ ಅಷ್ಟೂ ಆಗುತ್ತಿರಲಿಲ್ಲ.

ಒಂದು ನ್ಯಾಯದ ಮಾತು. ಹೊಲಕ್ಕೆ ಬರುವ ಜಿಪ್ಸಂ ಪೂರ್ತಿ ಶುದ್ಧ ಇರುವುದಿಲ್ಲ. ಗಣಿಯಲ್ಲೇ ಸ್ವಲ್ಪ ಸುಣ್ಣ, ಮಣ್ಣು ಬೆರೆತಿರುತ್ತದೆ. ನಾಲ್ಕು ಗುಳ್ಳೆ ಎದ್ದ ಮಾತ್ರಕ್ಕೆ ಮೋಸ ಅಂತ ಜಗಳಕ್ಕೆ ಹೋಗಬೇಡಿ. ನೊರೆ ಉಕ್ಕಬೇಕು, ತವಾದಲ್ಲಿ ಕುದಿತ ಇರಬಾರದು, ಆಗ ಅನುಮಾನ ಪಡಿ. ನೂರಕ್ಕೆ ಎಷ್ಟು ಜಿಪ್ಸಂ ಅಂತ ನಿಂಬೆಹಣ್ಣು ಹೇಳುವುದಿಲ್ಲ, ಅದಕ್ಕೆ ಪ್ರಯೋಗಾಲಯ ಬೇಕು.

ಮೂರು ಲೋಟದ ಪರೀಕ್ಷೆ

ಚೌಳು ನೆಲ ಇರುವವರು ಇದನ್ನು ಮಾಡಿ. ಮಳೆ ನೀರು ಹಿಡಿದಿಟ್ಟುಕೊಳ್ಳಿ, ಬೋರಿನ ನೀರು ಆಗದು, ಅದರಲ್ಲಿ ಮೊದಲೇ ಸುಣ್ಣ ಕರಗಿರುತ್ತದೆ. ಮೂರು ಗಾಜಿನ ಲೋಟಕ್ಕೆ ನೀರು ಹಾಕಿ, ಒಂದೊಂದು ಚಮಚ ಚೌಳು ಮಣ್ಣು ಕದಡಿ. ಒಂದು ಹಾಗೇ ಇರಲಿ. ಎರಡನೆಯದಕ್ಕೆ ಅರ್ಧ ಚಮಚ ಗೊತ್ತಿರುವ ಒಳ್ಳೆ ಜಿಪ್ಸಂ. ಮೂರನೆಯದಕ್ಕೆ ನಿಮ್ಮ ಅನುಮಾನದ ಪುಡಿ. ಚೆನ್ನಾಗಿ ಕಲಕಿ ರಾತ್ರಿ ಬಿಡಿ. ಬೆಳಿಗ್ಗೆ ಜಿಪ್ಸಂ ಲೋಟ ತಿಳಿಯಾಗಿರುತ್ತದೆ. ಬರೀ ಮಣ್ಣಿನದು ಇನ್ನೂ ಬಗ್ಗಡ. ಸುಣ್ಣಕಲ್ಲಿನ ಪುಡಿ ಹಾಕಿದ್ದೂ ಹೆಚ್ಚುಕಡಿಮೆ ಬಗ್ಗಡವೇ.

ಕಾರಣ ಹೀಗೆ. ಚೌಳಿನಲ್ಲಿ ಸೋಡಿಯಂ ಮಣ್ಣಿನ ಕಣಕ್ಕೆ ಅಂಟಿಕೊಂಡು ಕಣಗಳು ಒಂದಕ್ಕೊಂದು ಕೂಡದ ಹಾಗೆ ಮಾಡುತ್ತದೆ. ಅದಕ್ಕೇ ಮಳೆ ಬಂದರೆ ರಾಡಿ, ಒಣಗಿದರೆ ಹೆಂಚು, ನೀರು ಇಂಗುವುದೇ ಇಲ್ಲ. ಕರಗಿದ ಕ್ಯಾಲ್ಸಿಯಂ ಹೋಗಿ ಸೋಡಿಯಂ ಅನ್ನು ಎಬ್ಬಿಸಿ ತಾನು ಕೂರುತ್ತದೆ. ಕಣಗಳು ಗುಂಪಾಗಿ ತಳಕ್ಕಿಳಿಯುತ್ತವೆ. ಎದ್ದ ಸೋಡಿಯಂ ನೀರಿನ ಜೊತೆ ಹೊರಗೆ ಹೋಗಬೇಕು. ಬದು ಕಟ್ಟಿ ನೀರು ನಿಲ್ಲಿಸಿ, ಬಸಿಗಾಲುವೆ ತೋಡದೆ ಬರೀ ಜಿಪ್ಸಂ ಎರಚಿದರೆ ಅರ್ಧ ಕೆಲಸ. ಎಕರೆಗೆ ಎಷ್ಟು ಅನ್ನುವುದನ್ನು ಮಣ್ಣು ಪರೀಕ್ಷೆ ಮಾಡಿಸಿಯೇ ತಿಳಿಯಬೇಕು, ಶೇಂಗಾದ ಎರಡು ಕ್ವಿಂಟಾಲ್ ಲೆಕ್ಕ ಇಲ್ಲಿ ನಡೆಯದು.

ಮೊದಲನೇ ಲೋಟವೂ ಬೆಳಿಗ್ಗೆ ತಿಳಿಯಾಗಿದ್ದರೆ ನಿಮ್ಮ ನೆಲದ ಬಿಳಿ ಪೊರೆ ಬರೀ ಉಪ್ಪಿನದು ಇರಬಹುದು. ಅದಕ್ಕೆ ಜಿಪ್ಸಂ ಬೇಡ, ಸಿಹಿ ನೀರಲ್ಲಿ ತೊಳೆದು ಬಸಿಯುವುದೇ ದಾರಿ. ಇದನ್ನೂ ಪ್ರಯೋಗಾಲಯದಲ್ಲಿ ಖಚಿತ ಮಾಡಿಕೊಳ್ಳಿ. ಹಿಂದೆ ಅಗಸರು ಬಟ್ಟೆಗೆ ಬಳಸುತ್ತಿದ್ದ ಚೌಳು ಮಣ್ಣು ಬೇರೆ. ಅದರಲ್ಲಿ ಸೋಡಾ ಇರುತ್ತದೆ, ಕೈಗೆ ಸೋಪಿನಂತೆ ಜಾರುತ್ತದೆ.

ಬಳಪದ ಕಲ್ಲು

ಉಗುರಿಗೆ ಗೀಚುವುದರಲ್ಲಿ ಜಿಪ್ಸಂಗೆ ಜೊತೆ ಇದೊಂದೇ. ಆದರೆ ಮುಟ್ಟಿದರೆ ಗೊತ್ತಾಗುತ್ತದೆ, ಎಣ್ಣೆ ಹಚ್ಚಿದ ಹಾಗೆ ನುಣುಪು. ನಿಂಬೆರಸಕ್ಕೆ ಉಕ್ಕದು, ತವಾದಲ್ಲಿ ಕುದಿಯದು. ಬೇಲೂರು, ಹಳೇಬೀಡಿನಲ್ಲಿ ಕೆತ್ತಿದ ಕಲ್ಲು ಈ ಜಾತಿಯದೇ. ಅಜ್ಜಿ ಕಾಲದ ಉಪ್ಪಿನಕಾಯಿ ಮರಿಗೆಯೂ ಇದರದ್ದೇ, ಹುಳಿಗೆ ಜಗ್ಗುವುದಿಲ್ಲವಲ್ಲ. ನಾವು ತರುವ ಟ್ರೈಕೋಡರ್ಮಾ, ಸೂಡೋಮೊನಾಸ್ ಪುಡಿ ಪೊಟ್ಟಣದಲ್ಲಿ ಬಹುಪಾಲು ಈ ಟಾಲ್ಕ್ ಪುಡಿಯೇ, ಜೀವಾಣು ಅದರ ಮೇಲೆ ಕೂತಿರುತ್ತದೆ. ನುಣುಪಾಗಿದೆ ಅಂತ ಜೀವಾಣು ಜೀವಂತ ಇದೆ ಅಂತ ಅರ್ಥವಲ್ಲ, ತಯಾರಿಸಿದ ತಾರೀಕು ನೋಡಿ.

ಡ್ರಿಪ್ ಇರುವವರಿಗೆ

ಡ್ರಿಪ್ ತೂತಿನಲ್ಲಿ ಕಟ್ಟಿದ ಬಿಳಿ ಹಕ್ಕಳೆಯನ್ನು ಕೆರೆದು ನಿಂಬೆರಸ ಹಾಕಿ. ನೊರೆ ಬಂದರೆ ಅದು ಬೋರಿನ ನೀರಿನ ಸುಣ್ಣ, ಆಸಿಡ್ ಚಿಕಿತ್ಸೆಗೆ ಬಿಡುತ್ತದೆ. ನೊರೆ ಬಾರದಿದ್ದರೆ ಮಣ್ಣೋ ಪಾಚಿಯೋ ಇರಬೇಕು. ಆಸಿಡ್‌ಗೆ ದುಡ್ಡು ಹಾಕುವ ಮೊದಲು ಫಿಲ್ಟರ್ ಬಿಚ್ಚಿ ತೊಳೆಯಿರಿ. ಆಸಿಡ್ ಬಳಸುವಾಗ ಪ್ಲಾಸ್ಟಿಕ್ ಬಕೆಟ್ಟಿನ ನೀರಿಗೆ ಆಸಿಡ್ ಸುರಿಯಬೇಕು, ಆಸಿಡ್‌ಗೆ ನೀರು ಸುರಿಯಬಾರದು, ಸಿಡಿದು ಕಣ್ಣಿಗೆ ಹಾರುತ್ತದೆ. ಮಕ್ಕಳನ್ನು ಹತ್ತಿರ ಬಿಡಬೇಡಿ.